ಕ್ಯಾಲ್ಗರಿಯಿಂದ ಒಂದೇ ದಿನದ ಲೇಕ್-ಗ್ಲೇಸಿಯರ್ ಟೂರ್: ಅಪ್ಪ ಅಮ್ಮನನ್ನು ಕರ್ಕೊಂಡು ಹೋಗ್ಬಹುದಾ?

ಮಂಗಳೂರು-ಉಡುಪಿ ಕಡೆಯಿಂದ ಮಕ್ಕಳ ಮನೆ ಅಂತ ಕೆನಡಾಕ್ಕೆ ಹೋಗಿ ಬರುವವರು ಈಗ ಸುಮಾರು ಜನ ಇದ್ದಾರೆ, ಅದ್ರಲ್ಲಿ ಕ್ಯಾಲ್ಗರಿಗೆ ಹೋದವರಿಗೆಲ್ಲ ಅಲ್ಲಿಯವರು ಮೊದಲು ಹೇಳೋದೇ ಬ್ಯಾನ್ಫ್ ನೋಡಿ, ಲೇಕ್ ನೋಡಿ, ಗ್ಲೇಸಿಯರ್ ಮೇಲೆ ನಡೀರಿ ಅಂತ. ಬ್ಯಾನ್ಫ್ ಅಂದ್ರೆ ಬೆಟ್ಟಗಳ ನಡುವಿನ ನ್ಯಾಷನಲ್ ಪಾರ್ಕ್, ಅದ್ರೊಳಗೆ ಅದೇ ಹೆಸರಿನ ಊರೂ ಉಂಟು; ಗ್ಲೇಸಿಯರ್ ಅಂದ್ರೆ ವರ್ಷವಿಡೀ ಕರಗದ ಐಸಿನ ದೊಡ್ಡ ಹಾಸು. ನನ್ನ ಅಕ್ಕ ಇರೋದು ಅಲ್ಲೇ. ಜುಲೈ ಕೊನೆಗೆ, ಊರಲ್ಲಿ ಆಟಿ ಮಳೆ ಹೊಡೀತಾ ಇರುವಾಗ, ನಾನು ಅಪ್ಪ ಅಮ್ಮನನ್ನು ಕರ್ಕೊಂಡು ಹೋಗಿದ್ದೆ, ಅಲ್ಲಿ ಗೈಡ್ ಇರುವ ಒಂದು ದಿನದ ಬಸ್ ಟೂರ್ ಮಾಡಿದೆವು. ಮೊದಲೇ ಹೇಳಿಬಿಡ್ತೇನೆ, ಗೈಡ್ ಭಾರೀ ಲಾಯ್ಕ್, ಜಾಗಗಳ ಬಗ್ಗೆ ಮಾತೇ ಇಲ್ಲ, ಆದ್ರೆ ಆ ಕಂಪನಿಯ ಟೈಮ್ ಟೇಬಲ್ ಮಾಡಿದವರಿಗೆ ಮನೆಯಲ್ಲಿ ವಯಸ್ಸಾದವರು ಯಾರೂ ಇಲ್ವೇನೋ ಅಂತ ಕಾಣ್ತದೆ. ಹೆಸರು ಹೇಳೋದಿಲ್ಲ, ಯಾಕಂದ್ರೆ ಅಲ್ಲಿ ಇಂಥ ಕಂಪನಿಗಳು ಬೇಕಾದಷ್ಟುಂಟು, ಹೆಚ್ಚಿನವು ಇದೇ ರೂಟು ಇದೇ ಧಾವಂತ.

"ಕಾರಲ್ಲೇ ಹೋಗುವ, ಬಸ್ಸಿಗೆ ಯಾಕೆ ದುಡ್ಡು" ಅಂತ ಭಾವ ಹೇಳಿದ್ರು. ಆದ್ರೆ ಮೊರೇನ್ ಲೇಕ್‌ಗೆ 2023ರಿಂದ ಖಾಸಗಿ ಕಾರು ಬಿಡೋದೇ ಇಲ್ಲ, ಒಂದಾ ಪಾರ್ಕಿನವರ ಶಟಲ್ ಬಸ್ಸಿಗೆ ಮೊದಲೇ ಬುಕ್ ಮಾಡ್ಬೇಕು, ಇಲ್ಲಾಂದ್ರೆ ಲೈಸೆನ್ಸ್ ಇರುವ ಟೂರ್ ಬಸ್ಸಲ್ಲಿ ಹೋಗ್ಬೇಕು. ಶಟಲ್ ಸೀಟು ಜುಲೈಗೆ ಸಿಗೋದು ತತ್ಕಾಲ್ ಟಿಕೆಟ್ ಸಿಕ್ಕಿದ ಹಾಗೆಯೇ. ಮತ್ತೆ ದೂರ ನೋಡಿ, ಕ್ಯಾಲ್ಗರಿಯಿಂದ ಗ್ಲೇಸಿಯರ್ ಇರುವ ಕೊಲಂಬಿಯಾ ಐಸ್‌ಫೀಲ್ಡ್‌ಗೆ ಹೋಗಿ ಬರೋದು ಸೇರಿ 600 ಕಿಲೋಮೀಟರ್ ದಾಟ್ತದೆ, ಅಷ್ಟು ಡ್ರೈವ್ ಮಾಡುವವನು ಬೆಟ್ಟ ನೋಡ್ತಾನಾ ರಸ್ತೆ ನೋಡ್ತಾನಾ? ಕೊನೆಗೆ ಭಾವನೂ ನಮ್ಮ ಜೊತೆ ಬಸ್ಸಲ್ಲೇ ಬಂದ್ರು, ಬಾಯಿ ತೆರೆದು ಕಿಟಕಿಯಿಂದ ಹೊರಗೆ ನೋಡ್ತಾ ಕೂತಿದ್ದವರು ಅವರೇ.

ತಲೆಗೆ ಇನ್ನೂರೈವತ್ತು ಕೆನಡಾ ಡಾಲರ್ ಆಸುಪಾಸು ಆಯ್ತು, ಪಾರ್ಕ್ ಎಂಟ್ರಿ ಮತ್ತೆ ಗ್ಲೇಸಿಯರ್ ಗಾಡಿ ಟಿಕೆಟ್ ಅದ್ರಲ್ಲೇ ಸೇರಿದ್ದು, ಊಟ ಬೇರೆ. ಕ್ಯಾಲ್ಗರಿ ಇರುವ ಆಲ್ಬರ್ಟಾದಲ್ಲಿ ಪ್ರಾಂತ್ಯದ ಸೇಲ್ಸ್ ಟ್ಯಾಕ್ಸ್ ಇಲ್ಲ, ಬರೀ 5 ಪರ್ಸೆಂಟ್ ಕೇಂದ್ರದ್ದು. ಅಪ್ಪ ಬ್ಯಾಂಕಲ್ಲಿದ್ದು ರಿಟೈರ್ ಆದವರು, ಡಾಲರನ್ನು ಅರುವತ್ತರಿಂದ ಗುಣಿಸದೆ ಅವರಿಗೆ ನೀರೂ ಇಳಿಯೋದಿಲ್ಲ, ಹಾಗಾಗಿ ನಿಜವಾದ ರೇಟು ನಾವು ಯಾರೂ ಅವರಿಗೆ ಹೇಳ್ಲಿಲ್ಲ.

ಬೆಳಿಗ್ಗೆ ಆರಕ್ಕೇ ಬಸ್. ದಾರಿಯಲ್ಲಿ ಬ್ಯಾನ್ಫ್ ಪಾರ್ಕ್ ಒಳಗೆ ಹೈವೇ ಮೇಲೆ ಅಲ್ಲಲ್ಲಿ ಗಿಡಮರ ಬೆಳೆದ ದೊಡ್ಡ ಸೇತುವೆ ಕಾಣ್ತದೆ, ಮನುಷ್ಯರಿಗಲ್ಲ, ಕರಡಿ ಕಡವೆಗಳು ದಾಟ್ಲಿಕ್ಕೆ. ಅಂಥ 6 ಮೇಲ್ಸೇತುವೆ, ರಸ್ತೆ ಅಡಿಯಿಂದ ಹೋಗುವ 38 ದಾರಿ ಉಂಟಂತೆ. ನಮ್ಮ ಶಿರಾಡಿಯಲ್ಲಿ ಆನೆ ಬಿಡಿ, ಮನುಷ್ಯರಿಗಾದ್ರೂ ದಾರಿ ಸರಿಯಾಗಿ ಉಂಟಾ ಅಂದ್ರೆ ಅದೂ ಮಳೆಗಾಲ ಮುಗಿದ ಮೇಲೆ ಹೇಳ್ಬೇಕು, ಇರ್ಲಿ.

ಮೊರೇನ್ ಲೇಕ್ ಫಸ್ಟ್ ಸ್ಟಾಪ್. ಎಂಥ ಬಣ್ಣ ಮಾರಾಯ್ರೆ ಅದು! ಫೋಟೋದಲ್ಲಿ ನೋಡಿದಾಗ ಎಡಿಟ್ ಮಾಡಿದ್ದು ಅಂತಲೇ ನಾನು ನಂಬಿದ್ದೆ, ಎದುರಿಗೆ ನಿಂತ್ರೆ ಫೋಟೋವೇ ಸಪ್ಪೆ. ಹಿಂದೆ ಸಾಲಾಗಿ ಹತ್ತು ಶಿಖರ. 1969 ಮತ್ತೆ 1979ರ ಇಪ್ಪತ್ತು ಡಾಲರ್ ನೋಟಿನ ಹಿಂದುಗಡೆ ಇದೇ ಚಿತ್ರ ಇತ್ತಂತೆ, ಗೈಡ್ ಅದನ್ನು ಹೇಳಿದ್ದೇ ತಡ ಅಪ್ಪ "ಆ ನೋಟು ಈಗ್ಲೂ ನಡೀತದಾ?" ಅಂತ ಕೇಳಿದ್ರು. ನಡೀತದಂತೆ. ಲೇಕ್ ಎದುರಿಗೆ ಒಂದು ಕಲ್ಲಿನ ರಾಶಿ ಉಂಟು, ಗ್ಲೇಸಿಯರ್ ತಂದು ಸುರಿದದ್ದಲ್ಲ, ಪಕ್ಕದ ಬೆಟ್ಟ ಜರಿದು ಬಿದ್ದದ್ದು ಅಂತ ಈಗ ಹೇಳ್ತಾರೆ, ಅದರ ಮೇಲೆ ಹತ್ತಿದ್ರೇ ಆ ನೋಟಿನ ನೋಟ ಸಿಗೋದು. ಹತ್ಲಿಕ್ಕೆ ದಾರಿ ಮೆಟ್ಟಿಲು ಎಲ್ಲ ಉಂಟು, ಆದ್ರೆ ಮೊಣಕಾಲು ನೋವು ಇರುವವರಿಗೆ ನಿಧಾನ ಬೇಕು. ಇಲ್ಲೇ ಕಂಪನಿಯ ಮೊದಲ ಕಿರಿಕಿರಿ: ಕೊಟ್ಟದ್ದು ನಲ್ವತ್ತು ನಿಮಿಷ. ಬಸ್ಸಲ್ಲಿ ಎರಡೂವರೆ ಗಂಟೆ ಕೂತು ಬಂದವರೆಲ್ಲ ಮೊದಲು ಓಡೋದು ಟಾಯ್ಲೆಟ್ ಕ್ಯೂಗೆ, ಅಲ್ಲೇ ಅರ್ಧ ಟೈಮ್ ಖರ್ಚು. ಅಮ್ಮ ಮೇಲೆ ಹತ್ತಲೇ ಇಲ್ಲ, ಕೆಳಗೆ ನೀರಿನ ಹತ್ರ ಒಂದು ಮರದ ದಿಮ್ಮಿ ಮೇಲೆ ಕೂತು ನೋಡಿದ್ರು. ಅಂದ ಹಾಗೆ ಎತ್ತರದ ಬಗ್ಗೆ ಹೆದರುವವರಿಗೆ ಹೇಳೋದಾದ್ರೆ ಈ ಲೇಕ್ ಇರೋದು ಸುಮಾರು 1,885 ಮೀಟರ್, ಅಂದ್ರೆ ಹೆಚ್ಚುಕಡಿಮೆ ನಮ್ಮ ಕುದುರೆಮುಖದ ತುದಿಯಷ್ಟೇ. ಸಿಕ್ಕಿಂ ಲಡಾಖ್ ಥರ ಉಸಿರು ಕಟ್ಟುವ ತಾಪತ್ರಯ ಇಲ್ಲ, ಅಪ್ಪನಿಗೆ ಬಿಪಿ ಉಂಟು, ಏನೂ ಆಗ್ಲಿಲ್ಲ. ನಮ್ಮಲ್ಲಿ ಆ ಎತ್ತರಕ್ಕೆ ಹುಲ್ಲು, ಮಂಜು, ಜಿಗಣೆ, ಅಲ್ಲಿ 51 ಡಿಗ್ರಿ ಉತ್ತರ ಅಕ್ಷಾಂಶ ಆದ್ದರಿಂದ ಸುತ್ತಲಿನ ಬೆಟ್ಟಗಳ ಮೇಲೆ ವರ್ಷವಿಡೀ ಕರಗದ ಐಸ್.

ಅಲ್ಲಿ ಇನ್ನೊಂದು ಆಯ್ತು. ಅಳಿಲಿನ ಜಾತಿಯದ್ದು ಒಂದು ಬಂದು ಅಮ್ಮನ ಕಾಲ ಹತ್ರ ಎದ್ದು ನಿಂತಿತು, ಅಮ್ಮ ಬ್ಯಾಗಿಂದ ಒಂದು ತುಕ್ಕುಡಿ ತೆಗೆದು ಇನ್ನೇನು ಕೊಡ್ಬೇಕು, ಗೈಡ್ ಹುಡುಗಿ ಎಲ್ಲಿಂದಲೋ ಓಡಿ ಬಂದಳು. ಪಾರ್ಕಲ್ಲಿ ಪ್ರಾಣಿಗಳಿಗೆ ತಿನ್ಲಿಕ್ಕೆ ಕೊಟ್ರೆ ದಂಡ 25,000 ಡಾಲರ್ ವರೆಗೂ ಹಾಕ್ಬಹುದು. ಅಪ್ಪ ತಕ್ಷಣ "ಹದಿನೈದು ಲಕ್ಷ!" ಅಂದ್ರು. ತುಕ್ಕುಡಿ ಡಬ್ಬ ಮತ್ತೆ ಹೊರಗೆ ಬಂದದ್ದು ಬಸ್ಸಲ್ಲೇ.

ಲೇಕ್ ಲೂಯಿಸ್ ಬಗ್ಗೆ ಹೆಚ್ಚು ಹೇಳ್ಲಿಕ್ಕೇನಿಲ್ಲ. ಚಂದ ಉಂಟು, ಹಿಂದೆ ವಿಕ್ಟೋರಿಯಾ ಗ್ಲೇಸಿಯರ್ ಬೆಳ್ಳಗೆ ಕಾಣ್ತದೆ, ಎದುರಿಗೆ ದೊಡ್ಡ ಹೋಟೆಲು, ಮತ್ತೆ ಕದ್ರಿ ಜಾತ್ರೆಗೆ ಸೇರಿದಷ್ಟು ಜನ. ದೋಣಿ ಬಾಡಿಗೆ ಗಂಟೆಗೆ ನೂರು ಡಾಲರಿಗೂ ಮೇಲೆ. ಅಮ್ಮ ಹುಟ್ಟಿ ಬೆಳೆದದ್ದು ಮಲ್ಪೆಯಲ್ಲಿ, ಆ ರೇಟು ಕೇಳಿ ಅವರ ಮುಖ ನೋಡ್ಬೇಕಿತ್ತು.

ಟೂರ್ ಚಂದ ಆಗೋದು ಅಲ್ಲಿಂದ ಮುಂದೆ, ಐಸ್‌ಫೀಲ್ಡ್ಸ್ ಪಾರ್ಕ್‌ವೇ ಅಂತ ರಸ್ತೆ, ಲೇಕ್ ಲೂಯಿಸ್‌ನಿಂದ ಜಾಸ್ಪರ್ ತನಕ ಸುಮಾರು 230 ಕಿಲೋಮೀಟರ್. ಮೊಬೈಲಿಗೆ ನೆಟ್‌ವರ್ಕ್ ಹೆಚ್ಚುಕಡಿಮೆ ಇಲ್ಲವೇ ಇಲ್ಲ, ಅದೇ ಒಂದು ಉಪಕಾರ, ಎಲ್ಲರೂ ತಲೆ ಎತ್ತಿ ಕೂತ್ರು. ಗೈಡ್ ಹುಡುಗಿ ಜಿಯಾಲಜಿ ಕಲಿತವಳು, ಮೈಕ್ ಸಿಕ್ಕಿತು ಅಂತ ಹಳೇ ಜೋಕು ಹೊಡೀತಾ ಕೂರುವ ಜಾತಿ ಅಲ್ಲ. ಅವಳ ಹತ್ರ ಒಂದು ಹಳೇ ಜಾಮ್ ಬಾಟಲಿ, ಗ್ಲೇಸಿಯರ್ ಬುಡದಿಂದ ಹರಿದು ಬರುವ ತೊರೆಯ ನೀರು ಅದ್ರಲ್ಲಿ. ಮೇಲೆ ತಿಳಿನೀರು, ತಳದಲ್ಲಿ ಬೆರಳು ದಪ್ಪಕ್ಕೆ ಬೂದು ಕೆಸರು. ಒಮ್ಮೆ ಕುಲುಕಿ ಹಿಂದಿನ ಸೀಟಿಗೆ ದಾಟಿಸಿ ಅಂದಳು. ಕುಲುಕಿದ್ರೆ ಇಡೀ ಬಾಟಲಿ ನೀರು ಹಾಕಿದ ಹಾಲಿನ ಥರ ಮಬ್ಬು ಮಬ್ಬು, ಕೈಯಿಂದ ಕೈಗೆ ಹೋಗಿ ಬಸ್ ಸುತ್ತಿ ವಾಪಸ್ ಬಂದ್ರೂ ತಿಳಿ ಆಗ್ಲಿಲ್ಲ. ವಿಷಯ ಏನಂದ್ರೆ ಗ್ಲೇಸಿಯರ್ ತನ್ನ ಭಾರಕ್ಕೆ ನಿಧಾನ ಕೆಳಗೆ ಜಾರ್ತದೆ, ಜಾರುವಾಗ ಅಡಿಯಲ್ಲಿ ಸಿಕ್ಕಿದ ಕಲ್ಲನ್ನು ಬಂಡೆಗೆ ಉಜ್ಜಿ ಉಜ್ಜಿ ಕಡೆಯುವ ಕಲ್ಲಲ್ಲಿ ಕಡೆದ ಹಾಗೆ ನಯ ಹುಡಿ ಮಾಡ್ತದೆ, ಆ ಹುಡಿ ಎಷ್ಟು ನಯ ಅಂದ್ರೆ ಲೇಕ್‌ಗೆ ಬಂದ ಮೇಲೂ ಮುಳುಗದೆ ನೀರಲ್ಲೇ ತೇಲ್ತಾ ಇರ್ತದೆ, ಬಿಸಿಲು ಬಿದ್ದಾಗ ಹಸಿರು-ನೀಲಿ ಬೆಳಕನ್ನು ಚದುರಿಸಿ ಕಣ್ಣಿಗೆ ಕಳಿಸ್ತದೆ. ಬಣ್ಣದ ಗುಟ್ಟು ಅಷ್ಟೇ. ಹಾಗಾಗಿಯೇ ಬೇಸಿಗೆಯಲ್ಲಿ ಐಸ್ ಕರಗಿ ಹುಡಿ ಬಂದು ಸೇರದೆ ಈ ಬಣ್ಣ ಇಲ್ಲ. ನಮ್ಮೂರ ಸೆಕೆಗೆ ಹೆದರಿ ಎಪ್ರಿಲ್ ಮೇಯಲ್ಲಿ ಹೋಗುವವರು ಇದನ್ನು ಗಮನದಲ್ಲಿ ಇಟ್ಕೊಳ್ಳಿ, ಮೇಯಲ್ಲಿ ಈ ಲೇಕ್‌ಗಳ ಮೇಲೆ ಇನ್ನೂ ಐಸ್ ಹಾಸಿರ್ತದೆ, ಮೊರೇನ್ ರಸ್ತೆ ತೆಗೆಯೋದೇ ಜೂನ್ ಬಂದ ಮೇಲೆ.

ಕ್ರೋಫುಟ್ ಗ್ಲೇಸಿಯರ್ ಬಸ್ಸಿಂದ ಇಳಿಯದೆಯೇ ಕಂಡಿತು. ಕಾಗೆ ಕಾಲಿನ ಹಾಗೆ ಮೂರು ಬೆರಳು ಇತ್ತು ಅಂತ ಆ ಹೆಸರು, ಈಗ ಎರಡೇ, ಒಂದು ಕರಗಿ ಹೋಗಿದೆ. ಪಕ್ಕದ ಬೋ ಲೇಕ್‌ಗೆ ನೀರು ಬರೋದು ಬೋ ಗ್ಲೇಸಿಯರಿಂದ, ಅಲ್ಲಿಂದ ಹೊರಡುವ ಬೋ ನದಿಯೇ ಕ್ಯಾಲ್ಗರಿ ಊರ ನಡುವೆ ಹರಿಯೋದು, ಊರಿಗೆ ಕುಡಿಯುವ ನೀರೂ ಒಂದು ಪಾಲು ಅದ್ರದ್ದೇ. ಅಕ್ಕನ ಮನೆ ನಳ್ಳಿಯಲ್ಲಿ ಬರುವ ನೀರಿನ ಮೂಲ ನೋಡಿ ಬಂದ ಹಾಗಾಯ್ತು. ಪೀಟೋ ಲೇಕ್ ಮೇಲಿಂದ ನೋಡಿದ್ರೆ ತೋಳದ ತಲೆ ಆಕಾರ. ಇಲ್ಲಿ ಟೂರ್ ಬಸ್ಸಿಗೆ ಒಂದು ಲಾಭ ಉಂಟು, ಕಾರಲ್ಲಿ ಬಂದವರು ಕೆಳಗೆ ಪಾರ್ಕ್ ಮಾಡಿ ಏರು ದಾರಿ ನಡೀಬೇಕು, ಬಸ್ಸುಗಳಿಗೆ ಮೇಲಿನ ಪಾರ್ಕಿಂಗ್ ತನಕ ಬಿಡ್ತಾರೆ. ಅಪ್ಪ ಆರಾಮವಾಗಿ ನಡ್ಕೊಂಡು ಹೋದ್ರು. ಕೊಟ್ಟದ್ದು ಮಾತ್ರ ಇಪ್ಪತ್ತೈದು ನಿಮಿಷ.

ಈಗ ಗ್ಲೇಸಿಯರ್. ಕೊಲಂಬಿಯಾ ಐಸ್‌ಫೀಲ್ಡಿಂದ ಇಳಿದು ಬರುವ ಅಥಬಾಸ್ಕಾ ಗ್ಲೇಸಿಯರ್ ರಸ್ತೆಯಿಂದಲೇ ಕಾಣ್ತದೆ, ಅದರ ಮೇಲೆ ಕರ್ಕೊಂಡು ಹೋಗೋದು ಮನುಷ್ಯನೆತ್ತರಕ್ಕೆ ಹತ್ರ ಹತ್ರ ಬರುವ ಟೈರಿನ ಆರು ಚಕ್ರದ ಗಾಡಿ. ಕಡಿದಾದ ಒಂದು ಇಳಿಜಾರಲ್ಲಿ ಇಳಿದು ಐಸ್ ಮೇಲೆ ಹತ್ತುವಾಗ ಎಲ್ಲರ ಬಾಯಲ್ಲಿ ದೇವರ ಹೆಸರು. 2020ರ ಜುಲೈಯಲ್ಲಿ ಇಂಥ ಒಂದು ಗಾಡಿ ಉರುಳಿ ಮೂವರು ತೀರಿಕೊಂಡಿದ್ದರು, ಈಗ ಸೀಟ್ ಬೆಲ್ಟ್ ಉಂಟು, ಹಾಕ್ಕೊಳ್ಳದೆ ಗಾಡಿ ಹೊರಡೋದಿಲ್ಲ. ಮೇಲೆ ಇಳಿಸಿ ಗಡಿ ಹಾಕಿದ ಜಾಗದಲ್ಲಿ ಇಪ್ಪತ್ತು ನಿಮಿಷ ಬಿಡ್ತಾರೆ. ಗಾಳಿ ಅಂದ್ರೆ ಗಾಳಿ, ಮೇಲಿನ ಐಸ್ ತಣ್ಣಗೆ ಮಾಡಿದ ಗಾಳಿ ಇಳಿಜಾರಲ್ಲಿ ಸೀದಾ ನಮ್ಮ ಮುಖಕ್ಕೇ ಬರ್ತದೆ, ಜುಲೈ ಬಿಸಿಲಲ್ಲೂ ಕಿವಿ ಸೆಟೆದು ಹೋಯ್ತು. ಮಫ್ಲರ್, ಟೋಪಿ, ಕೈಗವಸು ಮೂರೂ ಬೇಕು. ಅಮ್ಮ ಸೀರೆ ಮೇಲೆ ಅಕ್ಕನ ದೊಡ್ಡ ಜಾಕೆಟ್ ಹಾಕ್ಕೊಂಡು, ಭಾವನ ಕೈ ಗಟ್ಟಿ ಹಿಡಿದು ಐಸ್ ಮೇಲೆ ನಿಂತ್ರು, ಬಗ್ಗಿ ಹರಿಯುವ ನೀರಿಗೆ ಬಾಟಲಿ ಹಿಡಿದು ಒಂದು ಗುಟುಕು ಕುಡಿದು "ರುಚಿಯೇ ಇಲ್ಲ" ಅಂದ್ರು.

ಈ ಐಸ್‌ಫೀಲ್ಡಿನ ನೀರು ಮೂರು ಕಡೆ ಹೋಗ್ತದೆ: ಅಥಬಾಸ್ಕಾ ಕಡೆಯದ್ದು ಆರ್ಕ್ಟಿಕ್ ಸಾಗರಕ್ಕೆ, ಕೊಲಂಬಿಯಾ ನದಿಯದ್ದು ಪೆಸಿಫಿಕ್‌ಗೆ, ಸಸ್ಕಾಚೆವಾನ್ ನದಿಯದ್ದು ಹಡ್ಸನ್ ಕೊಲ್ಲಿಗೆ. ನಮ್ಮ ಘಟ್ಟದ ತುದಿಯಲ್ಲಿ ಬಿದ್ದ ಮಳೆ ಈಚೆ ಬಿದ್ರೆ ನೇತ್ರಾವತಿ, ಆಚೆ ಬಿದ್ರೆ ತುಂಗಭದ್ರೆ ಅಂತ ಗೊತ್ತಿರುವ ಅಪ್ಪನಿಗೆ ಇದು ಒಂದೇ ಮಾತಲ್ಲಿ ಅರ್ಥ ಆಯ್ತು.

ನನಗೆ ಮಾತ್ರ ಗಾಡಿಗಿಂತ ಹೆಚ್ಚು ತಟ್ಟಿದ್ದು ಕೆಳಗಿನ ಕಾಲುದಾರಿ. ಪಾರ್ಕಿಂಗಿಂದ ಗ್ಲೇಸಿಯರ್ ಬುಡಕ್ಕೆ ಹೋಗುವ ದಾರಿಯಲ್ಲಿ ಇಸವಿ ಬರೆದ ಬೋರ್ಡು ನೆಟ್ಟಿದ್ದಾರೆ, ಆ ವರ್ಷ ಐಸ್ ಇಲ್ಲಿ ತನಕ ಇತ್ತು ಅಂತ. 1942ರ ಬೋರ್ಡು ದಾಟಿ, 1982ರದ್ದು ದಾಟಿ, ನಾನು ಶಾಲೆಗೆ ಹೋಗ್ತಿದ್ದ 1992ರ ಬೋರ್ಡಿನ ಹತ್ರ ನಿಂತು ನೋಡಿದ್ರೆ ಐಸ್ ಇನ್ನೂ ಎಷ್ಟೋ ಮುಂದೆ, ನಡುವೆ ಬರೀ ಜಲ್ಲಿ, ಬೂದು ನೀರು. ಒಟ್ಟು ಒಂದೂವರೆ ಕಿಲೋಮೀಟರಿಗೂ ಹೆಚ್ಚು ಹಿಂದೆ ಸರಿದಿದೆ, ಸುಮಾರು 125 ವರ್ಷದಲ್ಲಿ ಗಾತ್ರ ಅರ್ಧಕ್ಕರ್ಧ ಹೋಗಿದೆ. ಈ ದಾರಿ ಪುಕ್ಕಟೆ, ಯಾರೂ ಟಿಕೆಟ್ ಕೇಳೋದಿಲ್ಲ. ಆದ್ರೆ ಕಂಪನಿಯ ಟೈಮ್ ಟೇಬಲಲ್ಲಿ ಅದು ಇಲ್ಲವೇ ಇಲ್ಲ! ಊಟಕ್ಕೆ ಮತ್ತೆ ಗಿಫ್ಟ್ ಶಾಪಿಗೆ ಅಂತ ಒಂದು ಗಂಟೆ ಹತ್ತು ನಿಮಿಷ ಕೊಟ್ಟಿದ್ರು, ಗೈಡ್ ನಮ್ಮ ಕಿವಿಯಲ್ಲಿ ಹೇಳಿದ ಮೇಲೆ ನಾನೂ ಭಾವನೂ ಊಟ ಬಿಟ್ಟು ಓಡಿ ಹೋಗಿ ನೋಡಿ ಬಂದದ್ದು. ಹಗ್ಗ ಕಟ್ಟಿದ ಜಾಗ ದಾಟಿ ಐಸ್ ಮೇಲೆ ಮಾತ್ರ ಕಾಲಿಡ್ಬೇಡಿ, ಹಿಮದ ಅಡಿ ಬಿರುಕು ಕಾಣೋದಿಲ್ಲ, ಬಿದ್ದವರನ್ನು ಎತ್ತುವಷ್ಟರಲ್ಲಿ ಚಳಿಗೇ ಸತ್ತ ಉದಾಹರಣೆ ಉಂಟು. ಕಾಲು ಗಟ್ಟಿ ಇರುವವರು ಗಾಡಿ ಬಿಟ್ಟು, ಬೂಟಿಗೆ ಮುಳ್ಳು ಕಟ್ಟಿ ಗೈಡ್ ಜೊತೆ ಐಸ್ ಮೇಲೆ ನಡೆಯುವ ಟೂರ್ ತಗೊಳ್ಳಿ, ಗಾಡಿ ವಯಸ್ಸಾದವರಿಗೆ ಸರಿ.

ಊಟದ ವಿಷಯ: ವೆಜ್ ಅಂದ್ರೆ ಫ್ರೆಂಚ್ ಫ್ರೈಸ್ ಮತ್ತೆ ಎಲೆ ಸುತ್ತಿದ ರೋಲು. ಅಕ್ಕ ಚಿತ್ರಾನ್ನ, ಚಪಾತಿ, ಮಿಡಿ ಉಪ್ಪಿನಕಾಯಿ ಕಟ್ಟಿ ಕೊಟ್ಟಿದ್ದಳು, ಬದುಕಿದೆವು. ದಾರಿಯಲ್ಲಿ ಸಿಗುವ ಟಾಯ್ಲೆಟ್ ಹೆಚ್ಚಿನವು ಗುಂಡಿಯವು, ನೀರಿನ ಸುದ್ದಿಯೇ ಇಲ್ಲ, ನಮ್ಮವರು ಒಂದು ಬಾಟಲಿ ನೀರು ಕೈಯಲ್ಲೇ ಇಟ್ಕೊಳ್ಳಿ. ವಾಪಸ್ ಬರುವಾಗ ರಸ್ತೆ ಪಕ್ಕ ಒಂದು ಕಪ್ಪು ಕರಡಿ, ಬಸ್ ನಿಧಾನ ಆಯ್ತು, ಇಳಿಯೋ ಹಾಗಿಲ್ಲ, ಕರಡಿಯಿಂದ 100 ಮೀಟರ್ ದೂರ ಇರ್ಬೇಕು ಅಂತ ರೂಲ್ಸು. ಮುಂದಿನ ಕಾರಿನವರು ಇಳಿದು ಸೆಲ್ಫಿ ತೆಗೀತಿದ್ರು, ಎಲ್ಲ ಊರಲ್ಲೂ ಅಂಥವರು ಇರ್ತಾರೆ.

ಕ್ಯಾಲ್ಗರಿ ಮುಟ್ಟುವಾಗ ರಾತ್ರಿ ಎಂಟೂವರೆ, ಹೊರಗೆ ಇನ್ನೂ ಬಿಸಿಲು. ಅಪ್ಪನಿಗೆ ಕಾಲು ಬಾತಿತ್ತು. ಹಾಗಾಗಿ ವಯಸ್ಸಾದವರಿದ್ರೆ ಕ್ಯಾಲ್ಗರಿಯಿಂದ ಬೆಳಿಗ್ಗೆ ಹೊರಡುವ ಟೂರ್ ಬೇಡ, ಹಿಂದಿನ ರಾತ್ರಿ ಬ್ಯಾನ್ಫಲ್ಲಿ ಉಳಿದು ಅಲ್ಲಿಂದ ಹತ್ತಿ, ಹೋಗಿ ಬರುವುದರಲ್ಲಿ 250 ಕಿಲೋಮೀಟರ್ ಉಳೀತದೆ. ಮತ್ತೆ ಬುಕ್ ಮಾಡುವಾಗ ಎಷ್ಟು ಜಾಗ ತೋರಿಸ್ತೀರಿ ಅಂತ ಕೇಳ್ಬೇಡಿ, ಒಂದೊಂದು ಕಡೆ ಎಷ್ಟು ಹೊತ್ತು ಬಿಡ್ತೀರಿ ಅಂತ ಕೇಳಿ, ಆರು ಜಾಗದ ಟೂರಿಗಿಂತ ಮೂರು ಜಾಗದ್ದಕ್ಕೆ ಇಪ್ಪತ್ತು ಡಾಲರ್ ಹೆಚ್ಚಾದ್ರೂ ಅದನ್ನೇ ತಗೊಳ್ಳಿ. ಕಾಡ್ಗಿಚ್ಚಿನ ಹೊಗೆ ಬಂದ್ರೆ ದುಡ್ಡು ವಾಪಸ್ ಉಂಟಾ ಅಂತಲೂ ಕೇಳಿ, 2024ರ ಜುಲೈಯಲ್ಲಿ ಜಾಸ್ಪರ್ ಊರೇ ಒಂದು ಪಾಲು ಸುಟ್ಟು ಹೋಗಿತ್ತು, ಹೊಗೆ ಕವಿದ ದಿನ ಎದುರಿನ ಬೆಟ್ಟವೂ ಕಾಣೋದಿಲ್ಲ. ನಮಗೆ ಆಕಾಶ ತಿಳಿ ಇತ್ತು.

ಟಿಪ್ಸ್ ಅಲ್ಲಿ ಕೊಡ್ಲೇಬೇಕು, 15 ಪರ್ಸೆಂಟ್ ಅಂತ ಲೆಕ್ಕ. ಅದನ್ನೂ ಅಪ್ಪನಿಗೆ ಹೇಳಿರ್ಲಿಲ್ಲ, ಆದ್ರೆ ಇಳಿಯುವಾಗ ಅವರೇ ಪರ್ಸ್ ತೆಗೆದು ಆ ಹುಡುಗಿಗೆ ಇಪ್ಪತ್ತರ ಎರಡು ನೋಟು ಕೊಟ್ರು, ಗುಣಾಕಾರ ಮಾಡದೆ.