2,300 ರೂಪಾಯಿಯ ಕೇಬಲ್, ಬದಿಯಡ್ಕದ ಮಳೆ ಮತ್ತು ನಿಂತುಹೋದ ವೈಪರ್

ಒಂದು ಸ್ಟಾರ್. ಸೊನ್ನೆ ಕೊಡಲು ಜಾಗ ಇಲ್ಲ, ಅದಕ್ಕೆ.

ವಸ್ತು ಏನು ಅಂತ ಮೊದಲು ಹೇಳುತ್ತೇನೆ. ಫೋಕ್ಸ್‌ವ್ಯಾಗನ್, ಸ್ಕೋಡಾ, ಆಡಿ ಗಾಡಿಗಳ ಕಂಪ್ಯೂಟರ್ ಓದಲಿಕ್ಕೆ ವಿಸಿಡಿಎಸ್ ಅಂತ ಒಂದು ಸಾಫ್ಟ್‌ವೇರ್ ಇದೆ, ಅಮೆರಿಕದ ರಾಸ್-ಟೆಕ್ ಕಂಪನಿಯದ್ದು. ಅಸಲಿ ಕೇಬಲ್ ತರಿಸಿದರೆ ಹತ್ತಾರು ಸಾವಿರ ಬೀಳುತ್ತದೆ. ನಾನು ತರಿಸಿದ್ದು ಅದರ ಕಳ್ಳ ನಕಲು. ನೀಲಿ ಕೇಬಲ್, ಜೊತೆಗೆ ಒಂದು ಸಿಡಿ, ಒಟ್ಟು 2,300 ರೂಪಾಯಿ. ನನ್ನದು 2013ರ ಪೋಲೋ ಡೀಸೆಲ್, ಏರು ಬಂದರೆ ಎಳೆಯುತ್ತಿರಲಿಲ್ಲ. ಪ್ರತಿ ಸಲ ಸ್ಕ್ಯಾನ್ ಮಾಡಿಸಲು ಕಾಸರಗೋಡಿಗೆ ಹೋಗುವ ಬದಲು ನಾನೇ ನೋಡಿಕೊಳ್ಳುವ ಅಂತ ಆಸೆ.

ಸಿಡಿ ಒಳಗೆ ಒಂದು ಚಿಕ್ಕ ಫೈಲ್ ಇತ್ತು. ಆಂಟಿವೈರಸ್ ಬಂದ್ ಮಾಡಿ. ನೆಟ್ ತೆಗೆಯಿರಿ. ಅಪ್‌ಡೇಟ್ ಅಂತ ಬಂದರೆ ಎಂದೂ ಒತ್ತಬೇಡಿ. ಔಷಧಿ ಬಾಟಲಿಯ ಮೇಲೆ "ಡಾಕ್ಟರಿಗೆ ತೋರಿಸಬೇಡಿ" ಅಂತ ಬರೆದ ಹಾಗೆ! ಅಲ್ಲೇ ಎಚ್ಚರ ಆಗಬೇಕಿತ್ತು. ಆಗಲಿಲ್ಲ. ಅಪ್‌ಡೇಟ್ ಬೇಡ ಅಂದದ್ದು ಯಾಕೆ ಅಂತ ಆಮೇಲೆ ಗೊತ್ತಾಯಿತು: ಹೊಸ ಸಾಫ್ಟ್‌ವೇರ್ ಕೇಬಲ್ ಅಸಲಿಯಾ ಅಂತ ಪರೀಕ್ಷೆ ಮಾಡುತ್ತದೆ, ನಕಲು ಅಂತ ಕಂಡರೆ ಅದನ್ನು ಕೆಲಸಕ್ಕೆ ಬಾರದ ಹಾಗೆ ಮಾಡಿಬಿಡುತ್ತದೆ.

ಆದರೂ ಒಂದು ವಿಷಯ ಒಪ್ಪಿಕೊಳ್ಳಲೇಬೇಕು. ಮೊದಲ ದಿನ ಕೇಬಲ್ ಚೆನ್ನಾಗಿಯೇ ಓದಿತು. ಸ್ಟಿಯರಿಂಗ್ ಕೆಳಗಿನ 16 ಪಿನ್ನಿನ ಪ್ಲಗ್ಗಿಗೆ ಸಿಕ್ಕಿಸಿದೆ, ಕೀ ತಿರುಗಿಸಿದೆ, ಪಿ0299 ಅಂತ ದೋಷದ ಕೋಡ್ ಬಂತು. ಟರ್ಬೋದಿಂದ ಗಾಳಿಯ ಒತ್ತಡ ಸಾಲುತ್ತಿಲ್ಲ ಅಂತ ಅದರ ಅರ್ಥ. ಊರಿನ ಮೆಕ್ಯಾನಿಕ್ ಇಚ್ಚ ಬಾನೆಟ್ ಎತ್ತಿ, ಟರ್ಬೋದ ಗಾಳಿ ತಣಿಸುವ ಇಂಟರ್‌ಕೂಲರಿನ ಪೈಪಿನ ಕೆಳಗೆ ಕೈ ಹಾಕಿ, ಎಣ್ಣೆ ಮೆತ್ತಿದ ಬೆರಳು ತೋರಿಸಿದರು. ಪೈಪ್ ಸೀಳಿತ್ತು. ಬದಲಾಯಿಸಿದೆವು, ಗಾಡಿ ಮತ್ತೆ ಎಳೆಯಿತು. ಎರಡು ವಾರ ನಾನೇ ದೊಡ್ಡ ಇಂಜಿನಿಯರ್. ನೆಂಟರ ಗಾಡಿಗೂ ಕೇಬಲ್ ಚುಚ್ಚಿ ನೋಡಿದ್ದೇ ನೋಡಿದ್ದು.

ಎಡವಿದ್ದು ಓದುವಲ್ಲಿ ಅಲ್ಲ, ಬರೆಯುವಲ್ಲಿ.

ರಿಮೋಟ್ ಒತ್ತಿ ಹಿಡಿದರೆ ನಾಲ್ಕೂ ಗಾಜು ಮೇಲೆ ಬರುವ ಹಾಗೆ ಮಾಡಬಹುದು ಅಂತ ಯಾವುದೋ ವಿಡಿಯೋದಲ್ಲಿ ನೋಡಿದೆ. ಅದಕ್ಕೆ ಲೈಟು, ವೈಪರು, ಹಾರ್ನು ಎಲ್ಲ ನೋಡಿಕೊಳ್ಳುವ ಬಾಡಿ ಕಂಟ್ರೋಲ್ ಮಾಡ್ಯೂಲಿನಲ್ಲಿ ಕೋಡಿಂಗ್, ಅಂದರೆ ಒಳಗಿನ ಸೆಟ್ಟಿಂಗ್, ಬದಲಿಸಬೇಕು. ಜುಲೈ ತಿಂಗಳು, ಅಂಗಳದಲ್ಲಿ ಜೋರು ಮಳೆ. ಕೀ ಆನ್ ಇಟ್ಟು, ಹೆಡ್‌ಲೈಟೂ ಉರಿಸಿ, ಲ್ಯಾಪ್‌ಟಾಪ್ ತೊಡೆಯ ಮೇಲೆ ಇಟ್ಟುಕೊಂಡು ಒಂದು ಗಂಟೆ ಕೂತಿದ್ದೆ. ಬ್ಯಾಟರಿ ಹಳೆಯದು. ಪರದೆಯಲ್ಲಿ 11.6 ವೋಲ್ಟ್ ಅಂತ ಕಾಣುತ್ತಿತ್ತು. ತುಂಬಿದ ಬ್ಯಾಟರಿ 12.6ರ ಹತ್ತಿರ ಇರಬೇಕು ಅಂತ ಗೊತ್ತಿದ್ದೂ ಸುಮ್ನೆ ಬಿಟ್ಟೆ. ಹಳೆ ಕೋಡಿಂಗ್ ಬರೆದಿಟ್ಟುಕೊಂಡಿರಲಿಲ್ಲ, ಅದು ನನ್ನದೇ ಮುಠಾಳತನ. ಸೇವ್ ಒತ್ತಿದೆ. ಸಾಫ್ಟ್‌ವೇರ್ ಅಲ್ಲೇ ಸಿಕ್ಕಿಕೊಂಡಿತು, ಆಮೇಲೆ ಕೇಬಲ್ಲೇ ಕಾಣುತ್ತಿಲ್ಲ ಅಂತ ಬಂತು.

ಇಂಜಿನ್ ಸ್ಟಾರ್ಟ್ ಆಯಿತು. ವೈಪರ್ ಇಲ್ಲ. ಬಲಗಡೆ ಇಂಡಿಕೇಟರ್ ಇಲ್ಲ. ಡೋರ್ ಲಾಕ್ ತನ್ನಷ್ಟಕ್ಕೆ ಟಕ್ ಟಕ್ ಅನ್ನುತ್ತಿತ್ತು. ಕಾಸರಗೋಡಿನ ಮಳೆಯಲ್ಲಿ ವೈಪರ್ ಇಲ್ಲದ ಕಾರು ಅಂದರೆ ಏನು ಅಂತ ಇಲ್ಲಿಯವರಿಗೆ ಹೇಳಬೇಕಾಗಿಲ್ಲ, ಅಲ್ವಾ? ಮಾರನೇ ದಿನ ಮಳೆ ಬಿಟ್ಟ ಹೊತ್ತು ನೋಡಿ ಚೆರ್ಕಳದ ದಾರಿ ಹಿಡಿದೆ. ಎಡನೀರು ತಲುಪುವಾಗ ಮತ್ತೆ ಸುರಿಯಿತು. ರಸ್ತೆ ಬದಿಗೆ ನಿಲ್ಲಿಸಿ ಮುಕ್ಕಾಲು ಗಂಟೆ ಕೂತೆ. ಬಲಗಡೆ ತಿರುಗಬೇಕಾದಲ್ಲೆಲ್ಲ ಕೈ ಹೊರಗೆ ಹಾಕಿ ತೋರಿಸಿದ್ದು, ತೋಳು ಪೂರ್ತಿ ಒದ್ದೆ.

ವಿದ್ಯಾನಗರದ ಹತ್ತಿರದ ಗ್ಯಾರೇಜಿನವರು ನೋಡಿ ನಕ್ಕರು. "ದಾದ ಮಲ್ತರ್ ಮಾರಾಯ್ರೆ?" ಅಂತ ತುಳುವಿನಲ್ಲಿ ಕೇಳಿದರು, ಏನು ಮಾಡಿದ್ರಿ ಅಂತ. ಕೇಬಲ್ ತೋರಿಸಿದೆ, ನಗು ನಿಂತಿತು. ಅವರು ಮೊದಲು ಮಾಡಿದ ಕೆಲಸ ಬ್ಯಾಟರಿಗೆ ಚಾರ್ಜರ್ ಕೊಟ್ಟದ್ದು. ಆಮೇಲೆ ತಮ್ಮ ಅಸಲಿ ಸ್ಕ್ಯಾನರ್ ಹಾಕಿ, ಅದೇ ಮಾಡೆಲಿನ ಇನ್ನೊಂದು ಗಾಡಿಯ ಕೋಡಿಂಗ್ ಜೊತೆ ಹೋಲಿಸಿ, ಒಂದೊಂದಾಗಿ ಸರಿ ಮಾಡಿದರು. ಅರ್ಧ ದಿನ ಹಿಡಿಯಿತು. 4,800 ರೂಪಾಯಿ. "ನಿಮ್ಮ ಅದೃಷ್ಟ. ಇಂಜಿನ್ ನಡೆಸುವ ಕಂಪ್ಯೂಟರ್, ಅದೇ ಇಸಿಯು, ಅದರ ಪ್ರೋಗ್ರಾಂ ಹೊಸದಾಗಿ ಬರೆಯುವಾಗ ಹೀಗೆ ನಡುವೆ ನಿಂತಿದ್ದರೆ ಗಾಡಿ ಸ್ಟಾರ್ಟೇ ಆಗ್ತಿರಲಿಲ್ಲ, ಇಸಿಯು ಬಿಚ್ಚಿ ಕಳಿಸಬೇಕಿತ್ತು" ಅಂದರು. ನಿಜವೇ. ಬರೆಯುವಾಗ ಕರೆಂಟು ಇಳಿದರೆ, ಕೇಬಲ್ ಕೈಕೊಟ್ಟರೆ, ಒಳಗಿನ ಪ್ರೋಗ್ರಾಂ ಅರ್ಧಂಬರ್ಧ ಉಳಿಯುತ್ತದೆ. ಅಸಲಿ ಉಪಕರಣದಲ್ಲೂ ಅಪಾಯ ಇಲ್ಲ ಅಂತಲ್ಲ. ಆದರೆ ಅಲ್ಲಿ ಕೇಳಲಿಕ್ಕೆ ಒಂದು ಕಂಪನಿ ಇದೆ, ಇಲ್ಲಿ ಯಾರನ್ನು ಕೇಳುವುದು?

ಲ್ಯಾಪ್‌ಟಾಪಿನ ಕಥೆ ಬೇರೆ. ಆಂಟಿವೈರಸ್ ವಾಪಸ್ ಹಾಕಿದಾಗ ಅದು ಸಿಡಿಯಿಂದ ಬಂದ ಎರಡು ಫೈಲುಗಳನ್ನು ಟ್ರೋಜನ್, ಅಂದರೆ ವೇಷ ಹಾಕಿಕೊಂಡು ಬರುವ ವೈರಸ್, ಅಂತ ಹಿಡಿಯಿತು. ಕ್ರ್ಯಾಕ್ ಮಾಡಿದ ಫೈಲುಗಳನ್ನು ಆಂಟಿವೈರಸ್ ಸುಮ್ನೆಯೂ ಹಿಡಿಯುವುದುಂಟು, ಒಪ್ಪುತ್ತೇನೆ. ಆದರೆ ಒಂದು ವಾರದಲ್ಲಿ ನನ್ನ ಮೇಲ್‌ಗೆ ಬೇರೆಲ್ಲಿಂದಲೋ ಲಾಗಿನ್ ಆಗಲು ನೋಡಿದ್ದಾರೆ ಅಂತ ಸೂಚನೆ ಬಂತು. ಇದರಿಂದಲೇ ಅಂತ ಆಣೆ ಮಾಡಲಾರೆ. ಅದೇ ಲ್ಯಾಪ್‌ಟಾಪಿನಲ್ಲಿ ಬ್ಯಾಂಕಿನ ಕೆಲಸ ಮಾಡುತ್ತಿದ್ದೆ, ಅಷ್ಟು ಸಾಕಾಯಿತು ಹೆದರಲಿಕ್ಕೆ. ವಿಂಡೋಸ್ ಅಳಿಸಿ ಹೊಸದಾಗಿ ಹಾಕಿಸಿದೆ, ಪಾಸ್‌ವರ್ಡ್ ಎಲ್ಲ ಬದಲಿಸಿದೆ.

ಗ್ಯಾರೇಜ್ ಇಟ್ಟವರಿಗೆ ಇನ್ನೊಂದು ಮಾತು. 1957ರ ಕಾಪಿರೈಟ್ ಕಾಯ್ದೆಯ 63ಬಿ ಸೆಕ್ಷನ್ ಪ್ರಕಾರ, ಕಳ್ಳ ಪ್ರತಿ ಅಂತ ಗೊತ್ತಿದ್ದೂ ಸಾಫ್ಟ್‌ವೇರ್ ಬಳಸಿದರೆ 7 ದಿನದಿಂದ 3 ವರ್ಷದವರೆಗೆ ಜೈಲು, 50,000ದಿಂದ 2 ಲಕ್ಷದವರೆಗೆ ದಂಡ. ಲಾಭಕ್ಕಾಗಿ, ವ್ಯಾಪಾರಕ್ಕಾಗಿ ಬಳಸದಿದ್ದರೆ ಕೋರ್ಟ್ ಜೈಲು ಬಿಟ್ಟು ದಂಡಕ್ಕೆ ನಿಲ್ಲಿಸಬಹುದು. ಗಿರಾಕಿ ಹತ್ತಿರ ದುಡ್ಡು ತೆಗೆದುಕೊಂಡು ಸ್ಕ್ಯಾನ್ ಮಾಡುವವರಿಗೆ ಆ ರಿಯಾಯಿತಿ ಸಿಗುವುದು ಕಷ್ಟ.

ಸುಮ್ನೆ ಕೋಡ್ ಓದಿದರೆ ಸಾಕು ಅನ್ನುವವರಿಗೆ ಅದೇ 16 ಪಿನ್ನಿನ ಪ್ಲಗ್ಗಿಗೆ ಸಿಕ್ಕಿಸುವ ಒಂದು ಬ್ಲೂಟೂತ್ ಡಾಂಗಲ್, ಮೊಬೈಲಿನಲ್ಲಿ ಪ್ಲೇ ಸ್ಟೋರಿನಿಂದ ಇಳಿಸಿದ ಒಂದು ಸರಿಯಾದ ಆ್ಯಪ್ ಸಾಕು. ಡಾಂಗಲ್‌ನಲ್ಲೂ ನಕಲಿ ಜಾಸ್ತಿ. ಕೆನಡಾದ ಎಲ್ಮ್ ಕಂಪನಿ ಇಂಥ ಡಾಂಗಲ್ ಒಳಗೆ ಇರುವ ತನ್ನ ಎಲ್ಮ್327 ಚಿಪ್ಪಿನ ಮೊದಲ ಆವೃತ್ತಿಗೆ ನಕಲಾಗದ ಹಾಗೆ ಬೀಗ ಹಾಕಿರಲಿಲ್ಲ, ಅದನ್ನೇ ನಕಲು ಮಾಡಿ ಎಲ್ಲರೂ ಮಾರುತ್ತಾರೆ. ಓದಲಿಕ್ಕೆ ನಡೆಯುತ್ತದೆ. ಕೆಲಸ ಮುಗಿದ ಮೇಲೆ ತೆಗೆದಿಡಿ, ಆ ಪ್ಲಗ್ಗಿನ 16ನೇ ಪಿನ್ನಿಗೆ ಕೀ ತೆಗೆದರೂ ಕರೆಂಟು ಇರುತ್ತದೆ, ಬ್ಯಾಟರಿ ತಿನ್ನುತ್ತದೆ.

ಮಾರಿದವನಿಗೆ ಫೋಟೋ ಸಮೇತ ದೂರು ಬರೆದಿದ್ದೆ. ಮೂರು ದಿನ ಬಿಟ್ಟು ಉತ್ತರ ಬಂತು. "ಸರ್, ಅಪ್‌ಡೇಟ್ ಒತ್ತಿದ್ರಾ?" ಇಲ್ಲ ಅಂದೆ. "ಹಾಗಾದರೆ ನಿಮ್ಮ ಗಾಡಿಯದ್ದೇ ತೊಂದರೆ, ವಾಪಸ್ ಮಾಡುವ ಅವಧಿಯೂ ಮುಗಿದಿದೆ. ದಯವಿಟ್ಟು ಐದು ಸ್ಟಾರ್ ಕೊಡಿ."