ಬ್ಲೂಟೂತ್ ಓಬಿಡಿ ಸ್ಕ್ಯಾನರ್: ಕೋಡ್ ಹೇಳುತ್ತದೆ, ಕಾರಣ ನೀವೇ ಹುಡುಕಬೇಕು

ಕಾರಿನ ಡ್ಯಾಶ್‌ಬೋರ್ಡ್ ಕೆಳಗಿನ 16 ಪಿನ್ ಓಬಿಡಿ (ಕಾರು ತನ್ನ ದೋಷ ತಾನೇ ಪತ್ತೆಹಚ್ಚುವ ವ್ಯವಸ್ಥೆ) ಸಾಕೆಟ್‌ಗೆ ಸಿಕ್ಕಿಸಿ, ಇಗ್ನಿಷನ್ ಆನ್ ಮಾಡಿ, ಫೋನಿಗೆ ಜೋಡಿಸಿದರೆ ಈ ಪುಟ್ಟ ಇಎಲ್‌ಎಂ327 ಅಡಾಪ್ಟರ್ ಚೆಕ್ ಎಂಜಿನ್ ದೀಪದ ಹಿಂದಿನ ದೋಷದ ಕೋಡ್ ತೋರಿಸುತ್ತದೆ. ಕೋಡ್ ಅಷ್ಟೇ. ಪಿ0171 ಕಂಡ ಕೂಡಲೇ, ಹೊಗೆಯಲ್ಲಿ ಉಳಿದ ಆಮ್ಲಜನಕ ಅಳೆಯುವ ಆಕ್ಸಿಜನ್ ಸೆನ್ಸರ್ ಬದಲಿಸಲು ಹೊರಡಬೇಡಿ. ಪಾಪ, ದೂರು ಕೊಟ್ಟಿದ್ದೇ ಅದು! ಮಿಶ್ರಣದಲ್ಲಿ ಗಾಳಿ ಹೆಚ್ಚು, ಪೆಟ್ರೋಲ್ ಕಡಿಮೆ ಎಂಬುದಷ್ಟೇ ಆ ಕೋಡಿನ ಅರ್ಥ.

ಕೊಟ್ಟ ಕಾಸಿಗೆ ನ್ಯಾಯ ಸಿಗುವುದು ಲೈವ್ ಡೇಟಾದಲ್ಲಿ, ಅಂದರೆ ಎಂಜಿನ್ ಓಡುವಾಗಲೇ ಕಾಣುವ ರೀಡಿಂಗ್‌ಗಳಲ್ಲಿ. ಎಂಜಿನ್ ಬಿಸಿಯಾದ ಮೇಲೆ ಶಾರ್ಟ್, ಲಾಂಗ್ ಫ್ಯೂಯೆಲ್ ಟ್ರಿಮ್ (ಎಂಜಿನ್ ಕಂಪ್ಯೂಟರ್ ಇಂಧನವನ್ನು ಶೇಕಡಾ ಎಷ್ಟು ಹೆಚ್ಚು-ಕಡಿಮೆ ಮಾಡುತ್ತಿದೆ ಎಂಬ ಲೆಕ್ಕ) ಎರಡನ್ನೂ ಕೂಡಿಸಿ ನೋಡಿ. ಐಡಲ್‌ನಲ್ಲಿ ಶೇ. 20 ದಾಟಿದ್ದು 2,500 ಆರ್‌ಪಿಎಂನಲ್ಲಿ ಸೊನ್ನೆಯತ್ತ ಇಳಿದರೆ ವ್ಯಾಕ್ಯೂಮ್ ಲೀಕ್ (ಲೆಕ್ಕಕ್ಕೆ ಸಿಗದ ಗಾಳಿ ಒಳನುಸುಳುವುದು) ಇರುವ ಸಾಧ್ಯತೆ ಹೆಚ್ಚು: ಬಿರುಕುಬಿಟ್ಟ ಹೋಸ್, ಇನ್‌ಟೇಕ್ ಗ್ಯಾಸ್ಕೆಟ್ ನೋಡಿ. ಲೋಡ್ ಜೊತೆ ಟ್ರಿಮ್ಮೂ ಏರಿದರೆ ಅನುಮಾನ ಕೊಳೆಯಾದ ಮಾಫ್ ಸೆನ್ಸರ್ (ಎಂಜಿನ್ನಿಗೆ ಹೋಗುವ ಗಾಳಿ ಅಳೆಯುವುದು) ಅಥವಾ ಸಾಲದ ಇಂಧನ ಒತ್ತಡದ ಮೇಲೆ. ಮಾಫ್‌ಗೆ ಅದರದೇ ಕ್ಲೀನರ್ ಸಿಂಪಡಿಸಿ, ಪೂರ್ತಿ ಒಣಗಿದ ಮೇಲೆ ಕೂರಿಸಿ. ಒಳಗಿನ ಸೂಕ್ಷ್ಮ ತಂತಿಗೆ ಬಟ್ಟೆ, ಬ್ರಷ್ ತಾಗಬಾರದು. ಕಾರ್ಬ್ ಕ್ಲೀನರ್ ಬೇಡವೇ ಬೇಡ.

ಅಡಾಪ್ಟರ್‌ನ ವೇಗ ಸಾಲದು. ಏಳೆಂಟು ರೀಡಿಂಗ್ ಒಟ್ಟಿಗೆ ತೆರೆದರೆ 0.1ರಿಂದ 0.9 ವೋಲ್ಟ್ ನಡುವೆ ಓಲಾಡುವ ಆಕ್ಸಿಜನ್ ಸೆನ್ಸರ್ ಗ್ರಾಫ್ ಮೆಟ್ಟಿಲಿನಂತೆ ಕಾಣುತ್ತದೆ, ಒಂದೆರಡನ್ನೇ ತೆರೆಯಿರಿ. ಸಾಮಾನ್ಯ ಆಪ್‌ಗಳಲ್ಲಿ ಎಬಿಎಸ್, ಏರ್‌ಬ್ಯಾಗ್ ಕೋಡ್ ಸಿಗುವುದು ಕಷ್ಟ. ಕೋಡ್ ಅಳಿಸುವ ಮೊದಲು ಫ್ರೀಜ್ ಫ್ರೇಮ್‌ನ (ದೋಷ ಕಂಡ ಕ್ಷಣದ ರೀಡಿಂಗ್‌ಗಳ ದಾಖಲೆ) ಸ್ಕ್ರೀನ್‌ಶಾಟ್ ತೆಗೆದುಕೊಳ್ಳಿ, ಅದೂ ಜೊತೆಗೇ ಅಳಿದುಹೋಗುತ್ತದೆ. 16ನೇ ಪಿನ್ನಿಗೆ ಸದಾ ಬ್ಯಾಟರಿ ಕರೆಂಟ್ ಇರುವುದರಿಂದ, ದಿನಗಟ್ಟಲೆ ನಿಲ್ಲುವ ಕಾರಿನಲ್ಲಿ ಅಡಾಪ್ಟರ್ ಬಿಡಬೇಡಿ.