ಫ್ಯಾಂಟಮ್‌ಜೆಎಸ್ 2.1.1: ಸರ್ವರ್‌ನಿಂದ ತೆಗೆಯುವ ಕಾಲ ಬಂದಿದೆ

ಶಿರಸಿಯಲ್ಲಿ ಅಡಿಕೆ ವಹಿವಾಟಿನ ವೆಬ್‌ಸೈಟೊಂದನ್ನು ನೋಡಿಕೊಳ್ಳುತ್ತೇನೆ. ರಾಶಿ, ಚಾಲಿ, ಬೆಟ್ಟೆಯ ಧಾರಣೆ, ಬೆಳೆಗಾರರ ಬಿಲ್ಲು ಎಲ್ಲ ಅದರಲ್ಲೇ. ಪುಟಗಳ ಪರೀಕ್ಷೆಗೂ ಬಿಲ್ಲಿನ ಪಿಡಿಎಫ್‌ಗೂ ಹಿಂದಿನವರು ಹಾಕಿಟ್ಟದ್ದು ಫ್ಯಾಂಟಮ್‌ಜೆಎಸ್, ಅಂದರೆ ಪರದೆಯಿಲ್ಲದೆ ಓಡುವ ಬ್ರೌಸರ್.

ಒಳ್ಳೆಯ ಗುಣ ಇಲ್ಲದಿಲ್ಲ. ಒಂದೇ ಫೈಲು, ಸಣ್ಣ ಸರ್ವರ್‌ನಲ್ಲೂ ಸಲೀಸಾಗಿ ಓಡುತ್ತದೆ. 2011ರಲ್ಲಿ ಬಂದಾಗ ಇದು ನಿಜಕ್ಕೂ ದೊಡ್ಡ ಉಪಕಾರ. ಆದರೆ 2.1.1 ಬಂದದ್ದು 2016ರ ಜನವರಿಯಲ್ಲಿ. 2018ರ ಮಾರ್ಚ್‌ನಲ್ಲಿ ಅಭಿವೃದ್ಧಿಯೇ ನಿಂತಿತು. ಒಳಗಿರುವುದು ಹಳೇ ವೆಬ್‌ಕಿಟ್, ಅಂದರೆ ಪುಟವನ್ನು ಓದಿ ತೋರಿಸುವ ಎಂಜಿನ್. ಕೋಡ್‌ನಲ್ಲಿ ಆ್ಯರೋ ಫಂಕ್ಷನ್ (ಹೊಸ ಜಾವಾಸ್ಕ್ರಿಪ್ಟ್‌ನ ಬರವಣಿಗೆಯ ಶೈಲಿ) ಕಂಡರೆ ಸಿಂಟ್ಯಾಕ್ಸ್ ಎರರ್. ಬೆಳೆಗಾರರ ಮೊಬೈಲಿನಲ್ಲಿ ಸರಿಯಾಗಿ ತೆರೆಯುವ ಪುಟ ಪರೀಕ್ಷೆಯಲ್ಲಿ ಫೇಲು.

ಅದನ್ನಾದರೂ ಸಹಿಸಬಹುದು, ಸಿವಿಇ-2019-17221 ಎಂಬ ಸಂಖ್ಯೆಯಲ್ಲಿ ದಾಖಲಾದ ಭದ್ರತಾ ದೋಷವನ್ನು ಸಹಿಸಲಾಗದು. ಬಿಲ್ಲಿನ 'ವಿಳಾಸ' ಜಾಗದಲ್ಲಿ ಯಾರೋ ಸಣ್ಣ ಸ್ಕ್ರಿಪ್ಟ್ ತುಂಬಿದರು, ನಮ್ಮ ಕೋಡ್ ಅದನ್ನು ಸೋಸದೆ ಎಚ್‌ಟಿಎಂಎಲ್‌ಗೆ ಸೇರಿಸಿತು ಎಂದುಕೊಳ್ಳಿ. ಆ ಸ್ಕ್ರಿಪ್ಟ್ ಎಕ್ಸ್‌ಎಂಎಲ್‌ಎಚ್‌ಟಿಟಿಪಿರಿಕ್ವೆಸ್ಟ್ (ಪುಟದೊಳಗಿಂದ ಮಾಹಿತಿ ತರಿಸುವ ಸೌಲಭ್ಯ) ಮೂಲಕ ಸರ್ವರ್‌ನ ಫೈಲುಗಳನ್ನೇ ಓದಿ, ಡೇಟಾಬೇಸ್ ಪಾಸ್‌ವರ್ಡನ್ನು ಪಿಡಿಎಫ್‌ನಲ್ಲಿ ಅಚ್ಚು ಹಾಕಿ ಕೊಡಬಲ್ಲದು. ಮನೆ ಬೀಗದ ಕೈಯನ್ನು ದಾರಿಹೋಕನಿಗೆ ಕೊಟ್ಟಂತೆ! ಬ್ಯಾಂಕ್ ಖಾತೆಯ ವಿವರ ನಂಬಿ ಕೊಟ್ಟ ಬೆಳೆಗಾರರಿಗೆ ನಾವು ಏನು ಹೇಳಬೇಕು?

ಇದರ ಬದಲು ಇಂದಿನ ಬ್ರೌಸರ್‌ಗಳನ್ನೇ ಪರದೆಯಿಲ್ಲದೆ ಓಡಿಸುವ ಪಪಿಟಿಯರ್ ಅಥವಾ ಪ್ಲೇರೈಟ್‌ಗೆ ಹೋಗಿ. ಡೌನ್‌ಲೋಡ್ ದೊಡ್ಡದು, ಮೆಮೊರಿಯೂ ಜಾಸ್ತಿ ಬೇಕು, ಆದರೂ ಸರಿ. ಸ್ಯಾಂಡ್‌ಬಾಕ್ಸ್ (ಪುಟದ ಕೋಡ್ ಉಳಿದ ಸಿಸ್ಟಂ ಮುಟ್ಟದಂತೆ ತಡೆಯುವ ಬೇಲಿ) ಮಾತ್ರ ಆಫ್ ಮಾಡಬೇಡಿ. ಹಳೆಯದು ಕೆಲಕಾಲ ಇರಲೇಬೇಕಾದರೆ ನೆಟ್‌ವರ್ಕ್ ಇಲ್ಲದ ಕಂಟೇನರ್‌ನಲ್ಲಿ (ಉಳಿದ ಸಿಸ್ಟಂನಿಂದ ಬೇರ್ಪಡಿಸಿದ ಆವರಣದಲ್ಲಿ), ರಹಸ್ಯ ಫೈಲುಗಳಿಂದ ದೂರ ಇಡಿ. ಮೊದಲು ಬದಲಿಸಬೇಕಾದ್ದು ಬಿಲ್ಲಿನ ಪಿಡಿಎಫ್. ಧಾರಣೆ ಪುಟದ ಪರೀಕ್ಷೆ ಆಮೇಲಾದರೂ ನಡೆದೀತು.